ಬೆಕ್ಕಿರಬೇಕು

"ಗುರುಗಳೇ, ಆಟದಲ್ಲಿ ಸುಖಪಡುವುದು ತಪ್ಪೇ?" ಎಂದು ಶಿಷ್ಯ ಮರಿಸ್ವಾಮಿ ಕೇಳಿದ.

ಗುರುಗಳು ಜಗಲಿಯಲ್ಲಿ ಕೂತು ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದರು. ಕೈ ನಿಲ್ಲಿಸಲಿಲ್ಲ. "ಯಾವ ಆಟ?" ಎಂದರು.

"ಹಳೆಯ ಕಾಲದ ವಿಡಿಯೋ ಗೇಮು. ಟೀವಿಗೆ ಸಿಕ್ಕಿಸಿ ಆಡುವುದು. ಕಾವಲಿನವರ ಕಣ್ಣು ತಪ್ಪಿಸಿ ಒಳಗೆ ನುಸುಳಬೇಕು. ಜಪಕ್ಕೆ ಕೂತರೆ ನಿಲ್ಲದ ಮನಸ್ಸು ಅಲ್ಲಿ ನಿಲ್ಲುತ್ತದೆ. ನಿನ್ನೆ ಅಡುಗೆಮನೆಯಲ್ಲಿ ಏನೋ ದೊಪ್ಪನೆ ಬಿತ್ತಂತೆ, ಪಕ್ಕದ ಮನೆಯವರು ಹೇಳಿದರು. ನನಗೆ ಕೇಳಿಸಲೇ ಇಲ್ಲ. ಅಷ್ಟು ಏಕಾಗ್ರತೆ! ಇದರಿಂದ ಯಾರಿಗೂ ತೊಂದರೆಯಿಲ್ಲ. ಮನೆಯವಳನ್ನು ಕೇಳಿದರೂ 'ನನಗೇನು, ಆಡಿಕೊಳ್ಳಿ' ಅನ್ನುತ್ತಾಳೆ."

"ಸುಖ ತಪ್ಪು ಅಂತ ನಿನಗೆ ಯಾವ ಪುಣ್ಯಾತ್ಮ ಹೇಳಿದ? ಕೂತುಕೋ" ಎಂದು ಗುರುಗಳು ಒಂದು ಕತೆ ಹೇಳಿದರು.

ಒಬ್ಬ ತಪಾಸಣೆಯವನಿದ್ದ. ದಾರಿಯಲ್ಲಿ ಬಸ್ಸು ನಿಲ್ಲಿಸಿ, ಹತ್ತಿ, ಟಿಕೆಟ್ ಕೇಳುವ ಕೆಲಸ. ಮೂವತ್ತೊಂದು ವರ್ಷ ಮಾಡಿದ. ಟಿಕೆಟ್ ಇಲ್ಲದವನನ್ನು ಅವನು ಕೇಳಿ ಹಿಡಿಯುತ್ತಿರಲಿಲ್ಲ, ನೋಡಿ ಹಿಡಿಯುತ್ತಿದ್ದ. ಕಿಟಕಿಯಾಚೆ ತೀರಾ ಆಸಕ್ತಿಯಿಂದ ನೋಡುವವನು, ಇದ್ದಕ್ಕಿದ್ದಂತೆ ನಿದ್ದೆ ಹತ್ತಿದವನು, ಎಲ್ಲರೂ ಸಿಕ್ಕಿಬೀಳುತ್ತಿದ್ದರು. 'ನನ್ನ ಕಣ್ಣು ತಪ್ಪಿಸಿ ಇಳಿದು ಹೋದವನು ಇನ್ನೂ ಹುಟ್ಟಿಲ್ಲ' ಎಂದು ಹೇಳಿಕೊಳ್ಳುತ್ತಿದ್ದ. ಹೇಳಿಕೊಳ್ಳಲಿ ಬಿಡು, ಬಸ್ಸಿನ ಮಟ್ಟಿಗೆ ಅದು ನಿಜವೇ.

ನಿವೃತ್ತಿಯಾಯಿತು. ಮಕ್ಕಳಿರಲಿಲ್ಲ, ಮನೆಯಲ್ಲಿ ಗಂಡ ಹೆಂಡತಿ ಇಬ್ಬರೇ. ಕೆಲಸ ಹೋದವನಿಗೆ ಜೀವವೇ ಹೋದಂತಾಯಿತು. ಊಟ ಸೇರದು, ಮಾತು ಬೇಡ, ಬಾಗಿಲ ಕಡೆ ನೋಡುತ್ತ ಕೂತುಬಿಡುವನು. ಹೆಂಡತಿಗೆ ದಿಗಿಲಾಯಿತು. ಒಂದು ದಿನ ಸಂತೆಯಲ್ಲಿ ಹಳೆ ಸಾಮಾನಿನವನ ಗುಡ್ಡೆಯಲ್ಲಿ ಬೂದು ಬಣ್ಣದ ಒಂದು ಪೆಟ್ಟಿಗೆ ಕಂಡು, ಚೌಕಾಸಿ ಮಾಡಿ ಅವಳೇ ತಂದಳು. ಇಪ್ಪತ್ತು ವರ್ಷದ ಹಿಂದಿನ ವಿಡಿಯೋ ಗೇಮು. ಒಳಗೆ ಒಂದೇ ಒಂದು ಡಿಸ್ಕು ಇತ್ತು.

ಆಟ ಇಷ್ಟೇ. ಒಂದು ಕೋಟೆ, ಏಳು ಬಾಗಿಲು. ಏಳನೆಯದರ ಒಳಗೆ ಒಬ್ಬ ಮುದುಕ ಸೆರೆಯಲ್ಲಿದ್ದಾನೆ, ಅವನನ್ನು ಬಿಡಿಸಿ ತರಬೇಕು. ಕೈಯಲ್ಲಿ ಕತ್ತಿಯಿಲ್ಲ, ಕೋಲಿಲ್ಲ. ಕಾವಲಿನವನು ಬಂದರೆ ಕಂಬದ ಹಿಂದೆ ಉಸಿರು ಬಿಗಿಹಿಡಿದು ನಿಲ್ಲಬೇಕು, ಅವನು ಬೆನ್ನು ತಿರುಗಿಸಿದರೆ ನಾಲ್ಕು ಹೆಜ್ಜೆ ಇಡಬೇಕು. ಕಂಡರೆ ಮತ್ತೆ ಮೊದಲಿನಿಂದ. ಬದುಕೆಲ್ಲ ಹಿಡಿಯುತ್ತಲೇ ಬಂದವನಿಗೆ ಈಗ ಸಿಕ್ಕಿಬೀಳದೆ ಹೋಗುವ ಸುಖ ಸಿಕ್ಕಿತು. ಅಯ್ಯೋ, ಏನು ಸುಖ ಅಂತೀಯ! ಮೂರನೆಯ ಬಾಗಿಲು ದಾಟಿದ ದಿನ ಅವನು ಎದ್ದು ಕುಣಿದ. ಅವಳು ಆ ದಿನ ಪಾಯಸ ಮಾಡಿದಳು.

ಮಧ್ಯಾಹ್ನ ಊಟವಾದ ಮೇಲೆ ಇಬ್ಬರೂ ಕೂರುತ್ತಿದ್ದರು. ಅವನ ಕೈಯಲ್ಲಿ ಆಟ ನಡೆಸುವ ಗುಂಡಿಗಳ ಹಿಡಿಕೆ, ಅವಳ ಮಡಿಲಲ್ಲಿ ಅಕ್ಕಿಯ ಮೊರ. ಅಕ್ಕಿ ಆರಿಸುತ್ತಲೇ ಅವಳು ಕಾವಲು ಕಾಯುವಳು. "ಬಂದ, ಬಂದ, ತಡೀರಿ... ಹೋದ. ಈಗ ಹೋಗಿ." ಅವಳ ಮಾತು ಒಂದು ದಿನವೂ ತಪ್ಪುತ್ತಿರಲಿಲ್ಲ. ನಿನ್ನಂಥ ಸಹಾಯಕಿ ನಮ್ಮ ಇಲಾಖೆಯಲ್ಲೇ ಇರಲಿಲ್ಲ ಎಂದು ಅವನು ನಗುತ್ತಿದ್ದ.

ಆ ಆಟದಲ್ಲಿ ಇನ್ನೊಂದಿತ್ತು. ಕಾಲಿಗೆ ಏನಾದರೂ ತಗುಲಿ ಸದ್ದಾದರೆ ಕಾವಲಿನವನು ನಿಲ್ಲುತ್ತಾನೆ, ಅತ್ತ ಇತ್ತ ನೋಡುತ್ತಾನೆ, ಅವನ ಭಾಷೆಯಲ್ಲಿ ಏನೋ ಗೊಣಗಿ ಮತ್ತೆ ತನ್ನ ದಾರಿ ಹಿಡಿಯುತ್ತಾನೆ. ಆ ಭಾಷೆ ತಪಾಸಣೆಯವನಿಗೆ ಬಾರದು. "ಬೆಕ್ಕಿರಬೇಕು ಅಂದ ಕಣೇ!" ಎಂದು ಅವನೇ ಅರ್ಥ ಕಟ್ಟಿದ. "ಬೆಕ್ಕಂತೆ, ಬೆಕ್ಕು! ಪೆದ್ದ ಮುಂಡೇದು. ಇಂಥವನನ್ನು ಕಾವಲಿಗಿಟ್ಟರೆ ಕೋಟೆ ಉಳಿದ ಹಾಗೇ." ಇಬ್ಬರೂ ನಗುವರು. ದಿನಾ ಅದೇ ಮಾತು, ದಿನಾ ಅದೇ ನಗು.

ಕೆಲವು ತಿಂಗಳು ಕಳೆಯಿತು. ಅನ್ನದಲ್ಲಿ ಕಲ್ಲು ಸಿಗತೊಡಗಿತು. ಅಂಗಡಿಯವನು ಮೋಸಗಾರ ಎಂದು ಅಂಗಡಿ ಬದಲಾಯಿಸಿದ. ಅವಳ ಮುಂಗೈಯ ಮೇಲೆ ಸುಟ್ಟ ಗಾಯ ಕಂಡಿತು. ಒಲೆಯ ಮುಂದೆ ಇದ್ದದ್ದೇ ಅಂದುಕೊಂಡ. ಅವನು ಒಬ್ಬನೇ ಆಡುತ್ತಿದ್ದ ಹೊತ್ತಿನಲ್ಲಿ ಒಳಗೆ ಲೋಟ ಉರುಳುವುದು, ತಟ್ಟೆ ಬೀಳುವುದು ಹೆಚ್ಚಾಯಿತು. ಅವನು ಟೀವಿಯಿಂದ ಕಣ್ಣು ಕೀಳದೆ "ಏನೇ ಅದು?" ಎಂದು ಕೂಗುವನು.

"ಬೆಕ್ಕು ಕಣ್ರೀ" ಎಂದು ಒಳಗಿನಿಂದ ಉತ್ತರ ಬರುವುದು.

ಅವನು ನಕ್ಕು ಆಟ ಮುಂದುವರಿಸುವನು.

ಹೀಗೆ ಏಳನೆಯ ಬಾಗಿಲಿಗೆ ಬಂದ. ಅದೇ ದಿನ ಟೀವಿಯ ದನಿ ಕೈಕೊಟ್ಟಿತು. ಚಿತ್ರ ಇದೆ, ಸದ್ದಿಲ್ಲ. ಸದ್ದು ಯಾರಿಗೆ ಬೇಕು ಎಂದು ಆಡಲು ಕೂತ. ಮುದುಕನ ಕೋಣೆಗೆ ಹತ್ತೇ ಹೆಜ್ಜೆ ಉಳಿದಿತ್ತು. ಅವನು ಕಂಬಕ್ಕೆ ಅಂಟಿಕೊಂಡು ನಿಂತ; ಕಣ್ಣೆಲ್ಲ ಆ ಕೋಣೆಯ ಬಾಗಿಲ ಮೇಲೆ, ಕಾವಲಿನವನನ್ನು ನೋಡುವುದು ಎಂದಿನಂತೆ ಅವಳ ಪಾಲು.

"ಹೋಗಲಾ?" ಎಂದು ಕೇಳಿದ.

ಮೊರದಲ್ಲಿ ಅವಳ ಕೈ ನಿಂತಿತ್ತು.

"ಹೇಳೇ, ಹೋಗಲಾ?"

"ಹೋಗಿ" ಎಂದಳು.

ಅವಳ ಮಾತು ನಂಬಿ ಹೊರಗೆ ಕಾಲಿಟ್ಟ. ಕಾವಲಿನವನು ಎದುರಿಗೇ ನಿಂತಿದ್ದ. ಆಟ ಮುಗಿಯಿತು. ಅವನಿಗೆ ಎಲ್ಲಿಲ್ಲದ ಕೋಪ ಬಂತು. "ಅಷ್ಟು ದೊಡ್ಡ ಆಳು ಎದುರಿಗೇ ನಿಂತಿದ್ದಾನೆ, ನಿನಗೇನು ಕಣ್ಣು ಕಾಣಲ್ವಾ?" ಎಂದು ಗದರಿದ.

ಈ ಮಾತನ್ನು ನಾವು ದಿನಕ್ಕೆ ಎಷ್ಟು ಸಲ ಆಡುತ್ತೇವೋ! ಹಾದಿಯಲ್ಲಿ ಕಾಲು ತುಳಿದವನಿಗೆ ಅನ್ನುತ್ತೇವೆ, ಹಾಲು ಉಕ್ಕಿಸಿದವಳಿಗೆ ಅನ್ನುತ್ತೇವೆ. ಯಾರೂ ಅದಕ್ಕೆ ಉತ್ತರ ಕೊಡುವುದಿಲ್ಲ. ಅವಳು ಕೊಟ್ಟಳು.

"ಇಲ್ಲ ಕಣ್ರೀ. ಕಾಣಲ್ಲ" ಎಂದಳು.

ಅವನಿಗೆ ಮೊದಲು ಅರ್ಥವಾಗಲಿಲ್ಲ. ಆಮೇಲೆ ಅವಳ ಮುಖ ನೋಡಿದ. ಅವಳ ಕಣ್ಣು ಟೀವಿಯ ಕಡೆಯೂ ಇರಲಿಲ್ಲ, ಅವನ ಕಡೆಯೂ ಇರಲಿಲ್ಲ. ಎರಡರ ನಡುವೆ ಬರೀ ಗೋಡೆಯ ಮೇಲೆ ಇತ್ತು.

"ಮತ್ತೆ ದಿನಾ ಬಂದ, ಹೋದ ಅಂತ ಹೇಳ್ತಿದ್ದೆಯಲ್ಲೇ?"

"ಅವರ ಹೆಜ್ಜೆ ಸದ್ದು ಕೇಳ್ತಿತ್ತಲ್ಲ. ಇವತ್ತು ಕೇಳಲಿಲ್ಲ."

"ನನಗೆ ಯಾಕೆ ಹೇಳಲಿಲ್ಲ?"

"ಆ ಪೆಟ್ಟಿಗೆ ಬಂದ ಮೇಲೇ ಅಲ್ವಾ ನೀವು ನಕ್ಕಿದ್ದು? ಹೇಳಿದರೆ ಅದನ್ನು ಕಟ್ಟಿಡ್ತಿದ್ರಿ. ಮತ್ತೆ ಬಾಗಿಲು ನೋಡ್ತಾ ಕೂರ್ತಿದ್ರಿ. ವಯಸ್ಸಾಯಿತು, ಕಣ್ಣಿಗೆ ಮಂಜು ಕವಿದಿದೆ, ತಾನಾಗಿ ಹೋದೀತು ಅಂದುಕೊಂಡೆ."

ಅವನು ಹಿಡಿಕೆಯನ್ನು ಕೆಳಗಿಟ್ಟ. ಕೊನೆಗೆ ಕೇಳಬಾರದೆಂದುಕೊಂಡದ್ದನ್ನೇ ಕೇಳಿದ. "ಹಾಗಾದ್ರೆ ಬೆಕ್ಕು?"

"ಈ ಬೀದೀಲಿ ಎಲ್ಲಿದೆ ರೀ ಬೆಕ್ಕು? ನಾನೇ ಅದು" ಎಂದಳು.

ಮರುದಿನ ಬೆಳಿಗ್ಗೆಯೇ ಕಣ್ಣಿನ ವೈದ್ಯರಲ್ಲಿಗೆ ಕರೆದುಕೊಂಡು ಹೋದ. ಕಣ್ಣಿನೊಳಗಿನ ಒತ್ತಡ ಏರಿ ನರ ಸತ್ತಿದೆ ಎಂದರು ವೈದ್ಯರು. ಹೋದದ್ದು ಬಾರದು. ಬೆಳಕು ಯಾವುದು ಕತ್ತಲೆ ಯಾವುದು ಅನ್ನುವಷ್ಟು ಉಳಿದಿದೆ, ಔಷಧಿ ಹಾಕಿ ಅದನ್ನಾದರೂ ಕಾಪಾಡಿಕೊಳ್ಳಿ. ಮಂಜು ಕಂಡ ಮೊದಲಲ್ಲೇ ಬಂದಿದ್ದರೆ ದೃಷ್ಟಿ ಉಳಿಯುತ್ತಿತ್ತು. ಅವರು ಇದನ್ನು ಬೈದು ಹೇಳಲಿಲ್ಲ, ಮೆಲ್ಲಗೇ ಹೇಳಿದರು. ಮನೆಗೆ ಬರುವ ಬಸ್ಸಿನಲ್ಲಿ ತಪಾಸಣೆಯವನು ಹೆಂಡತಿಯ ಕೈ ಹಿಡಿದುಕೊಂಡು ಎಲ್ಲರೆದುರಿಗೂ ಅತ್ತ. ಬಸ್ಸಿನಲ್ಲಿ ಅವನ ತಲೆ ತಗ್ಗಿದ್ದು ಅದೇ ಮೊದಲು.

ಗುರುಗಳು ಕತೆ ನಿಲ್ಲಿಸಿ ಹುಣಸೆಬೀಜವನ್ನು ಬುಟ್ಟಿಗೆ ಹಾಕಿದರು.

ಮರಿಸ್ವಾಮಿ ಕೇಳಿದ, "ಆಮೇಲೆ ಆ ಪೆಟ್ಟಿಗೆಯನ್ನು ಎಸೆದನೇ?"

"ಯಾಕೆ ಎಸೆಯಬೇಕು? ಪೆಟ್ಟಿಗೆ ಏನು ಮಾಡಿತು ಪಾಪ! ಅಳು ತೀರಿದ ಮೇಲೆ ಟೀವಿಯ ದನಿ ಸರಿಮಾಡಿಸಿದ. ಅವಳೇ ಹಟ ಹಿಡಿದು ಮಾಡಿಸಿದಳು ಅನ್ನು. ಈಗಲೂ ಮಧ್ಯಾಹ್ನ ಇಬ್ಬರೂ ಕೂರುತ್ತಾರೆ. ಅವಳು ಕಿವಿಯಿಂದ ಹೇಳುತ್ತಾಳೆ, ಅವನು ಆಡುತ್ತಾನೆ. ಅಕ್ಕಿ ಆರಿಸುವುದು ಮಾತ್ರ ಈಗ ಅವನ ಕೆಲಸ. ಅವಳು ಒಳಗೆ ಹೋದಾಗ ಒಂದು ಚಮಚ ಬಿದ್ದರೂ ಸಾಕು, ಹಿಡಿಕೆ ಬಿಸಾಕಿ ಎದ್ದು ಓಡುತ್ತಾನೆ. ಅದರಿಂದಾಗಿ ಎಷ್ಟು ಸಲ ಕಾವಲಿನವರ ಕೈಗೆ ಸಿಕ್ಕಿಬಿದ್ದನೋ ದೇವರೇ ಬಲ್ಲ. ಏಳನೆಯ ಬಾಗಿಲು ಇನ್ನೂ ದಾಟಿಲ್ಲ."

ಮರಿಸ್ವಾಮಿಯ ಮುಖ ಹಗುರಾಯಿತು. "ಹಾಗಾದರೆ ನಾನೂ ಆಡಬಹುದು ಅನ್ನಿ" ಎಂದು ಎದ್ದು ಕೈಮುಗಿದ.

"ಧಾರಾಳವಾಗಿ ಆಡು" ಎಂದರು ಗುರುಗಳು. ಮರಿಸ್ವಾಮಿ ಮೆಟ್ಟಿಲು ಇಳಿಯುವಾಗ ಮೊದಲ ಸಲ ಕೈ ನಿಲ್ಲಿಸಿ, ತಲೆ ಎತ್ತಿ ಅವನನ್ನು ನೋಡಿದರು.

"ಅದಿರಲಿ, ನಿನ್ನೆ ನಿಮ್ಮ ಅಡುಗೆಮನೆಯಲ್ಲಿ ಬಿದ್ದದ್ದು ಏನಪ್ಪಾ?"