ಕನ್ನಡ ಕಲಿತ ಗೇಮ್ ಪೆಟ್ಟಿಗೆ

“ಗುರುಗಳೇ, ಜನ ಒಂದು ಕೇಳಿದರೆ ನಾನು ನಾಲ್ಕು ಮಾಡಿಕೊಡುತ್ತೇನೆ. ಆದರೂ ಅವರ ಮುಖ ಅರಳುವುದಿಲ್ಲವಲ್ಲ, ಏಕೆ?”

ಕೇಳಿದವನು ಹಾಲೇಶ. ಟಿ.ವಿ.ಗೆ ಜೋಡಿಸಿ ಆಡುವ ಹಳೆಯ ವಿಡಿಯೊ ಗೇಮ್ ಪೆಟ್ಟಿಗೆಗಳನ್ನು ಬಿಚ್ಚಿ, ಅವುಗಳ ಬೀಗ ಮುರಿದು, ಕಂಪನಿ ಕನಸಿನಲ್ಲೂ ಎಣಿಸದ ಸಾಫ್ಟ್‌ವೇರನ್ನು ಅವುಗಳಲ್ಲಿ ಓಡಿಸುವ ವಿದ್ಯೆ ಅವನದು. ಕಲಿಸಿದವರು ಗುರುಗಳು. ಪೇಟೆಯ ಮಹಡಿಯ ಮೇಲೆ ಒಂದು ಕೋಣೆ. ಗುರುಗಳ ಅಂಗಡಿಯೂ ಅದೇ, ಪಾಠಶಾಲೆಯೂ ಅದೇ.

ಹಾಲೇಶ ಹಳ್ಳಿಯವನು. ಹೋರಿಗೆ ಮೂಗುದಾರ ಪೋಣಿಸಿದ ಕೈಯಲ್ಲೇ ಸಾಲ್ಡರಿಂಗ್ ಕಡ್ಡಿ ಹಿಡಿದವನು. ಪೇಟೆಯಲ್ಲಿ ಹುಟ್ಟಿ ಬೆಳೆದವರು ವರ್ಷಗಟ್ಟಲೆ ತಿಣುಕಿ ಕಲಿತದ್ದನ್ನು ಅವನು ಒಂದೇ ಮಳೆಗಾಲದಲ್ಲಿ ಕಲಿತ. ಸುಳ್ಳಲ್ಲ. ಗುರುಗಳು ಒಮ್ಮೆಯಾದರೂ ಬಾಯಿಬಿಟ್ಟು ಹಾಗೆಂದಾರು ಎಂದು ಕಾದ. ಅವರು ಅನ್ನಲಿಲ್ಲ. ಕೊನೆಗೆ ತಾನೇ ಅಂದುಕೊಂಡ. ಸಿಕ್ಕವರಿಗೆಲ್ಲ ಹೇಳಿಯೂ ಹೇಳಿದ.

ಅವತ್ತು ಮಾತ್ರ ಅವನ ದನಿಯಲ್ಲಿ ಗತ್ತು ಇರಲಿಲ್ಲ. ಬೆಳಿಗ್ಗೆ ಒಬ್ಬ ಗಿರಾಕಿ ಬಂದು, ಅವನು ಅಷ್ಟು ಚೆಂದ ಮಾಡಿಕೊಟ್ಟಿದ್ದ ಪೆಟ್ಟಿಗೆಯನ್ನು ಮೇಜಿನ ಮೇಲೆ ಕುಕ್ಕಿ, “ಇದೆಲ್ಲ ಬೇಡಪ್ಪಾ, ಮೊದಲಿನ ಹಾಗೆ ಮಾಡಿಕೊಡು” ಎಂದು ಹೇಳಿ ಹೋಗಿದ್ದ.

ಗುರುಗಳೂ ದಣಿದಿದ್ದರು. ಕನ್ನಡಕ ತೆಗೆದು ಕಣ್ಣು ಒತ್ತಿಕೊಂಡರು.

“ಒಂದು ಕತೆ ಇದೆ. ಕೇಳುತ್ತೀಯಾ?”

“ಕೇಳದೆ ಏನು ಮಾಡಲಿ. ಆದರೆ ನೀತಿ ಏನೆಂದು ಮೊದಲೇ ಹೇಳಿಬಿಡಿ ಗುರುಗಳೇ, ಸುಸ್ತಾಗಿದೆ.”

“ನನಗೂ ಆಗಿದೆ. ನೀತಿ ಹೇಳುವಷ್ಟು ಶಕ್ತಿ ಇಲ್ಲ, ಅದಕ್ಕೇ ಕತೆ” ಎಂದರು ಗುರುಗಳು. ಹೇಳತೊಡಗಿದರು.

ಒಂದು ಊರಿನಲ್ಲಿ ಒಬ್ಬ ಮೆಕ್ಯಾನಿಕ್ ಇದ್ದ. ನಮ್ಮದೇ ಕಸುಬು. ಅವನ ಕೈಗೆ ಸಿಕ್ಕಿ ತೆರೆಯದೆ ಉಳಿದ ಪೆಟ್ಟಿಗೆ ಇರಲಿಲ್ಲ. ಅವನದೊಂದು ನೇಮವಿತ್ತು. ಯಾವ ಪೆಟ್ಟಿಗೆ ಬಂದರೂ, ಕೈ ಹಚ್ಚುವ ಮೊದಲು ಅದರ ಒಳಗಿರುವುದನ್ನೆಲ್ಲ ಒಂದು ಪ್ರತಿ ತೆಗೆದಿಡುತ್ತಿದ್ದ. ಕೆಲಸ ಕೆಟ್ಟರೆ ಆ ಪ್ರತಿಯನ್ನು ಮತ್ತೆ ಒಳಗೆ ತುಂಬಿದರಾಯಿತು. ಪೆಟ್ಟಿಗೆ ಬಂದಾಗ ಹೇಗಿತ್ತೋ ಹಾಗಾಗುತ್ತದೆ. ನಮ್ಮ ಕಸುಬಿನಲ್ಲಿ ಬುದ್ಧಿ ಇರುವವರೆಲ್ಲ ಮಾಡುವುದು ಅದನ್ನೇ. ಆದರೆ ಆ ನೇಮದಿಂದ ಅವನಿಗೆ ಅಂಜಿಕೆ ಎಂಬುದೇ ಹೋಗಿಬಿಟ್ಟಿತ್ತು. “ಮಾಡಲೂ ಬರುತ್ತದೆ, ಮಾಡಿದ್ದನ್ನು ಇಲ್ಲವಾಗಿಸಲೂ ಬರುತ್ತದೆ” ಎನ್ನುತ್ತಿದ್ದ.

ಅವನ ಬಳಿಗೆ ಒಬ್ಬ ದರ್ಜಿ ಬಂದ. ಕಂಕುಳಲ್ಲಿ ಒಂದು ಗೇಮ್ ಪೆಟ್ಟಿಗೆ, ಲಂಗದ ಬಟ್ಟೆಯಲ್ಲಿ ಸುತ್ತಿತ್ತು.

“ಸಿ.ಡಿ. ಹಾಕಿದರೆ ಗರಗರ ಅನ್ನುತ್ತೆ ಸ್ವಾಮಿ, ಆಟ ಬರಲ್ಲ. ನನ್ನ ಹೆಂಡತೀದು.”

ಮೆಕ್ಯಾನಿಕ್ ನಕ್ಕ. “ಹೆಂಡತೀದಾ? ಮೊಮ್ಮಕ್ಕಳದು ಅನ್ನಿ ಯಜಮಾನರೇ.”

“ಮಕ್ಕಳೇ ಇಲ್ಲ ನಮಗೆ, ಮೊಮ್ಮಕ್ಕಳು ಎಲ್ಲಿಂದ ಬರಬೇಕು? ಅವಳದೇ.”

ಆ ಹೆಂಗಸಿನ ಮೊಣಕಾಲು ಎರಡೂ ಕೆಟ್ಟಿದ್ದವು. ಹೊಸಿಲು ದಾಟಿ ಬೀದಿಗೆ ಬರುವುದು ಎಂದೋ ನಿಂತಿತ್ತು. ಹಡಗಿನಲ್ಲಿ ಕೆಲಸಕ್ಕಿದ್ದ ಅವಳ ತಮ್ಮ ಯಾವುದೋ ದೇಶದ ಬಂದರಿನಿಂದ ಆ ಪೆಟ್ಟಿಗೆಯನ್ನು ತಂದುಕೊಟ್ಟಿದ್ದ. ಜೊತೆಗೆ ಒಂದೇ ಒಂದು ಆಟ. ಆ ಆಟದಲ್ಲಿ ನಡೆಯಬೇಕು. ಒಂದು ದ್ವೀಪ, ಅದರಲ್ಲಿ ದಾರಿ, ಹೊಳೆ, ಸಣ್ಣ ಸಣ್ಣ ಊರು. ದಾರಿಯಲ್ಲಿ ಜನ ಎದುರಾಗುತ್ತಾರೆ. ಎದುರಿಗೆ ನಿಂತು ಗುಂಡಿ ಒತ್ತಿದರೆ ಅವರ ಮಾತು ಪರದೆಯ ಕೆಳಗೆ ಅಕ್ಷರವಾಗಿ ಮೂಡುತ್ತದೆ. ಅಕ್ಷರ ಆ ದೇಶದ್ದು. ಅವಳಿಗೂ ಬಾರದು, ದರ್ಜಿಗೂ ಬಾರದು.

ಅವಳು ದಿನವೂ ಮಧ್ಯಾಹ್ನ ಆ ದ್ವೀಪದಲ್ಲಿ ನಡೆದು ಬರುತ್ತಿದ್ದಳು. ಸಂಜೆ ಗಂಡ ಹೊಲಿಗೆಗೆ ಕುಳಿತಾಗ, ತಾನು ಎಲ್ಲಿಗೆ ಹೋಗಿದ್ದೆ, ಯಾರು ಸಿಕ್ಕರು, ಏನೆಂದರು ಎಂದು ಹೇಳುತ್ತಿದ್ದಳು. “ಸೇತುವೆ ಹತ್ತಿರದ ಮುದುಕ ಇವತ್ತು ಏನಂದ ಗೊತ್ತೇನ್ರೀ?” ಎಂದು ಶುರುವಾದರೆ ದೀಪ ಆರಿಸುವವರೆಗೂ ಮಾತು. ಗಂಡ ಹೆಂಡಿರ ಸಂಸಾರದಲ್ಲಿ ಉಳಿದಿದ್ದ ಮಾತು ಅದೇ.

“ಪೆಟ್ಟಿಗೆ ಕೆಟ್ಟ ಮೇಲೆ ಅವಳು ಮಾತಾಡೋದೇ ಬಿಟ್ಟಿದ್ದಾಳೆ” ಎಂದ ದರ್ಜಿ. “ಕೇಳಿದ್ದಕ್ಕೆ ಹೂಂ ಅಂತಾಳೆ. ಮನೇಲಿ ನನ್ನ ಮಿಷನ್ ಸದ್ದು ಒಂದೇ. ಹೇಗಾದರೂ ಮಾಡಿ ಇದನ್ನ ನಡೆಸಿಕೊಡಿ ಸ್ವಾಮಿ. ಅವಳ ಮಾತು ವಾಪಸ್ ಬಂದರೆ ನನಗೆ ಅಷ್ಟೇ ಸಾಕು.”

ಮೆಕ್ಯಾನಿಕ್ ಬಿಚ್ಚಿ ನೋಡಿದ. ಸಿ.ಡಿ. ಓದುವ ಲೆನ್ಸು ಸವೆದಿತ್ತು. ಅಂಥದ್ದು ಈಗ ಎಲ್ಲಿಯೂ ಸಿಗುವುದಿಲ್ಲ. ಸಿ.ಡಿ.ಯ ಹಂಗಿಲ್ಲದೆ ಪೆನ್ ಡ್ರೈವಿನಿಂದಲೇ ಆಟ ನಡೆಯುವಂತೆ ಮಾಡಬೇಕು. ಆದರೆ ಪೆಟ್ಟಿಗೆಗೆ ಬೀಗವಿದೆ. ಕಂಪನಿಯ ಮುದ್ರೆ ಇಲ್ಲದ ಯಾವುದನ್ನೂ ಅದು ಒಳಗೆ ಬಿಟ್ಟುಕೊಳ್ಳುವುದಿಲ್ಲ. ಅವನು ಬೀಗ ತೆಗೆದ.

ಇಲ್ಲಿ ಹಾಲೇಶ ನೆಟ್ಟಗೆ ಕುಳಿತ. “ಹೇಗೆ ತೆಗೆದ ಗುರುಗಳೇ? ಚಿಪ್ ಕೂರಿಸಿದನಾ?”

“ಇಲ್ಲ. ಪೆಟ್ಟಿಗೆ ಎದ್ದೊಡನೆ ಮೆಮೊರಿ ಕಾರ್ಡಿನಲ್ಲಿ ಉಳಿಸಿದ ಆಟಗಳ ಹೆಸರನ್ನು ಓದುತ್ತದೆ. ಒಂದು ಹೆಸರಿಗೆ ಇಷ್ಟು ಜಾಗ ಎಂದು ಇಟ್ಟಿರುತ್ತದೆ. ಅವನು ಆ ಜಾಗಕ್ಕೆ ಹಿಡಿಸದಷ್ಟು ಉದ್ದದ ಹೆಸರು ಕೊಟ್ಟ. ಹೆಚ್ಚಾದದ್ದು ಆಚೆ ಚೆಲ್ಲಿತು. ಪೆಟ್ಟಿಗೆ ಎಡವಿ, ಚೆಲ್ಲಿದ್ದನ್ನೇ ಅಪ್ಪಣೆ ಎಂದು ತಿಳಿಯಿತು.”

“ಹೆಸರಿನ ಬಾಲಕ್ಕೆ ತನ್ನ ಸಾಫ್ಟ್‌ವೇರ್ ಕಟ್ಟಿದ್ದ! ಭಲೇ! ಗಂಡು ಅಂದರೆ ಅವನು.”

ಗುರುಗಳು ಕತೆ ಮುಂದುವರಿಸಿದರು.

ಅಂದು ಸಂಜೆಗೇ ಆಟ ನಡೆಯಿತು. ಮರುದಿನ ದರ್ಜಿ ಬಂದು ನೋಡಿ ಕೈ ಮುಗಿದ. ಪೆಟ್ಟಿಗೆಯನ್ನು ಬಟ್ಟೆಯಲ್ಲಿ ಸುತ್ತಲು ಹೋದ. ಮೆಕ್ಯಾನಿಕ್ ತಡೆದ. ಪರದೆಯ ಮೇಲಿನ ಆ ಅನ್ಯ ಅಕ್ಷರ ಅವನಿಗೆ ಚುಚ್ಚುತ್ತಿತ್ತು. ಇಷ್ಟು ವರ್ಷ ಪಾಪ, ಆ ಹೆಂಗಸು ಒಂದಕ್ಷರವೂ ತಿಳಿಯದೆ ಆಡಿದ್ದಾಳೆ. ನನ್ನಂಥವನ ಕೈಗೆ ಬಂದ ಮೇಲೂ ಹಾಗೇ ಆಡಬೇಕೇ?

“ಸ್ವಲ್ಪ ದಿನ ಬಿಟ್ಟು ಬನ್ನಿ. ಇದಕ್ಕೆ ಕನ್ನಡ ಕಲಿಸುತ್ತೇನೆ.”

“ನಡೀತಿದೆಯಲ್ಲ ಸ್ವಾಮಿ. ನಡೆದರೆ ಸಾಕು.”

“ನಡೆದರೆ ಸಾಕು ಅನ್ನುವವರಿಗೆ ಈ ಊರಲ್ಲಿ ಬೇರೆ ಅಂಗಡಿ ಇವೆ. ನನ್ನ ಕೈಗೆ ಬಂದದ್ದು ಬಂದ ಹಾಗೇ ಹೋಗುವುದಿಲ್ಲ.”

ದರ್ಜಿಯೂ ಕೈಕೆಲಸದವನು. ಜಂಬದ ಬಟ್ಟೆ ಯಾವ ಅಳತೆಯದೆಂದು ನೋಡಿದೊಡನೆ ತಿಳಿಯುತ್ತದೆ ಅವನಿಗೆ. ಆದರೆ ಕೆಲಸ ಅವನ ಕೈಯಲ್ಲಿರಲಿಲ್ಲ. ಸುಮ್ಮನೆ ಹೋದ. ಆಗಾಗ ಬಂದು ಬಾಗಿಲಲ್ಲಿ ನಿಂತು, “ಆಯಿತಾ?” ಎಂದು ಕೇಳಿ ಹೋಗುತ್ತಿದ್ದ.

ಆ ಕೆಲಸ ಸುಲಭದ್ದಲ್ಲ. ಆ ದೇಶದ ಒಂದೊಂದು ಅಕ್ಷರಕ್ಕೂ ಒಂದೊಂದು ಪುಟ್ಟ ಚೌಕ. ನಮ್ಮ ಅಕ್ಷರ ಚೌಕದಲ್ಲಿ ಕೂರುವ ಜಾತಿಯಲ್ಲ. ಮೇಲೆ ಗುಡಿಸು, ಕೆಳಗೆ ಒತ್ತು, ಪಕ್ಕಕ್ಕೆ ದೀರ್ಘ.

“ಒತ್ತಕ್ಷರ ಹೇಗೆ ಕೂರಿಸಿದ?” ಎಂದು ಹಾಲೇಶ ಮತ್ತೆ ಬಾಯಿ ಹಾಕಿದ. “ನಾನೂ ಒಮ್ಮೆ ಯತ್ನಿಸಿದ್ದೆ. ಒತ್ತು ಕತ್ತರಿಸಿ ಹೋಗುತ್ತಿತ್ತು.”

“ಕೆಳಗಿನ ಸಾಲಿನ ಚೌಕವನ್ನೂ ಕಬಳಿಸಿದ. ಒಂದೊಂದು ಒತ್ತನ್ನೂ ಚಿತ್ರದ ಹಾಗೆ ಬರೆದು, ಎರಡು ಚೌಕವನ್ನು ಒಂದರ ಕೆಳಗೊಂದು ಅಂಟಿಸಿದ.”

“ಅದು ನನಗೆ ಹೊಳೆಯಬೇಕಿತ್ತು” ಎಂದು ಹಾಲೇಶ ತೊಡೆ ತಟ್ಟಿಕೊಂಡ.

ಅದೇ ಆಟದ ಇಂಗ್ಲಿಷ್ ಪ್ರತಿಯನ್ನು ಮೆಕ್ಯಾನಿಕ್ ಎಲ್ಲಿಂದಲೋ ಹುಡುಕಿದ. ಅದನ್ನು ನೋಡಿ, ಪ್ರತಿಯೊಬ್ಬರ ಪ್ರತಿಯೊಂದು ಮಾತನ್ನೂ ಕನ್ನಡ ಮಾಡಿದ. ಒಂದು ಮಾತೂ ಬಿಡಲಿಲ್ಲ, ಒಂದು ಮಾತೂ ಸೇರಿಸಲಿಲ್ಲ. ಕೆಲಸ ಮುಗಿದಾಗ ಬೆನ್ನು ಬಗ್ಗಿತ್ತು, ಎದೆ ಮಾತ್ರ ಉಬ್ಬಿತ್ತು. “ಈ ಆಟ ಕನ್ನಡ ಮಾತಾಡುವುದು ಭೂಮಿಯ ಮೇಲೆ ಇದೊಂದೇ ಪೆಟ್ಟಿಗೆಯಲ್ಲಿ” ಎಂದು ಬೀದಿಯಲ್ಲೆಲ್ಲ ಹೇಳಿದ. ದರ್ಜಿ ಬರುವುದನ್ನು ಕಾಯದೆ ತಾನೇ ಹೊತ್ತುಕೊಂಡು ಅವನ ಮನೆಗೆ ಹೋದ. ಟಿ.ವಿ.ಗೆ ಜೋಡಿಸಿದ. ಹೆಂಗಸಿನ ಬೆನ್ನ ಹಿಂದೆ ಕೈ ಕಟ್ಟಿ ನಿಂತ.

ಅವಳು ಜಾಯ್‌ಸ್ಟಿಕ್ ಹಿಡಿದು ನಡೆದಳು. ನೇರ ಸೇತುವೆಗೇ ಹೋದಳು. ಮುದುಕ ಅಲ್ಲೇ ಇದ್ದ. ಎದುರಿಗೆ ನಿಂತು ಗುಂಡಿ ಒತ್ತಿದಳು. ಕನ್ನಡ ಮೂಡಿತು.

“ಸೇತುವೆ ಮುರಿದಿದೆ. ಬೇರೆ ದಾರಿ ನೋಡು.”

ಅವಳು ಗಟ್ಟಿಯಾಗಿ ಓದಿದಳು. ಮತ್ತೆ ಒತ್ತಿದಳು. ಸೇತುವೆ ಮುರಿದಿದೆ, ಬೇರೆ ದಾರಿ ನೋಡು. ಇನ್ನೊಮ್ಮೆ ಒತ್ತಿದಳು. ಮುದುಕ ಅದನ್ನೇ ಅಂದ. ಅಲ್ಲಿಂದ ಬಾವಿಯ ಬಳಿಗೆ ಹೋದಳು. ಬಾವಿಯ ಹೆಂಗಸು, “ಈ ನೀರು ಕುಡಿದರೆ ಶಕ್ತಿ ಹೆಚ್ಚುತ್ತದೆ” ಎಂದಳು. ಮತ್ತೆ ಒತ್ತಿದರೂ ಅದೇ.

“ಎಲ್ಲಾ ಸರಿಯಾಗಿ ಅರ್ಥ ಆಗುತ್ತಾ ಅಮ್ಮಾ?” ಎಂದು ಮೆಕ್ಯಾನಿಕ್ ಕೇಳಿದ.

“ಆಗುತ್ತಪ್ಪಾ. ಚೆನ್ನಾಗಿ ಮಾಡಿದ್ದೀಯ” ಎಂದಳು. “ಅವನಿಗೆ ಕಾಫಿ ಕೊಡ್ರೀ” ಎಂದು ಗಂಡನಿಗೆ ಹೇಳಿದಳು.

ಆ ಸಂಜೆ ಅವಳು ಏನೂ ಹೇಳಲಿಲ್ಲ. ಮರುಸಂಜೆಯೂ ಹೇಳಲಿಲ್ಲ. ಕೆಲವು ದಿನಗಳ ನಂತರ ದರ್ಜಿ ಪೆಟ್ಟಿಗೆ ಹೊತ್ತು ಅಂಗಡಿಗೆ ಬಂದ.

“ಈ ಅಕ್ಷರ ತೆಗೆದು ಮೊದಲಿದ್ದ ಅಕ್ಷರಾನೇ ಹಾಕಿಕೊಡಿ ಸ್ವಾಮಿ.”

“ಎಲ್ಲಿ ತಪ್ಪಿದೆ? ತೋರಿಸಿ.”

“ತಪ್ಪೇನೂ ಇಲ್ಲ. ಅವಳು ಆಡುತ್ತಿಲ್ಲ.”

ಮೆಕ್ಯಾನಿಕ್‌ಗೆ ಅವಮಾನವಾಯಿತು. ಆದರೆ ಅವನ ಬಳಿ ಹಳೆಯದರ ಪ್ರತಿ ಇತ್ತು. ದರ್ಜಿ ತರಿಸಿದ ಚಹ ಆರುವುದರೊಳಗೆ ಕನ್ನಡ ಹೋಗಿ ಹಳೆಯ ಅಕ್ಷರ ಬಂತು. ಆಟ ಮೊದಲಿದ್ದ ಹಾಗೇ ಆಯಿತು, ಕೂದಲೆಳೆಯಷ್ಟೂ ವ್ಯತ್ಯಾಸವಿಲ್ಲ.

ದರ್ಜಿ ಮರುದಿನವೇ ತಿರುಗಿ ಬಂದ. ಪೆಟ್ಟಿಗೆಯನ್ನು ತೊಡೆಯ ಮೇಲಿಟ್ಟುಕೊಂಡು ಕುಳಿತ.

“ಸೇತುವೆವರೆಗೂ ನಡೆದಳು. ಮುದುಕ ಬಂದ. ಆ ಹಳೇ ಅಕ್ಷರಾನೇ ಬಂತು ಸ್ವಾಮಿ, ನಾನೂ ನೋಡಿದೆ. ಅದನ್ನ ನೋಡಿ ಅವಳು ‘ಸೇತುವೆ ಮುರಿದಿದೆ, ಬೇರೆ ದಾರಿ ನೋಡು’ ಅಂತ ಓದಿದಳು. ಟಿ.ವಿ. ಆರಿಸಿಬಿಟ್ಟಳು.”

ಮೆಕ್ಯಾನಿಕ್ ಕೈಯಲ್ಲಿದ್ದ ಕೆಲಸ ಕೆಳಗಿಟ್ಟ. ಆಮೇಲೆ ಅವನ ಬುದ್ಧಿ ಮತ್ತೆ ಓಡಿತು.

“ಹೀಗೆ ಮಾಡೋಣ ಯಜಮಾನರೇ. ಅಮ್ಮನವರು ಮೊದಲು ಏನೇನು ಹೇಳುತ್ತಿದ್ದರೋ ಅದನ್ನೇ ಒಳಗೆ ಬರೆದುಬಿಡುತ್ತೇನೆ. ದಿನಕ್ಕೊಂದು ಮಾತು ಬರಲಿ. ಮುದುಕ ಅವರದೇ ಮಾತು ಆಡಲಿ. ನೀವು ಹೇಳುತ್ತಾ ಹೋಗಿ, ನಾನು ಹಾಕುತ್ತಾ ಹೋಗುತ್ತೇನೆ. ಹೂಂ, ಮುದುಕ ಏನಂತಿದ್ದ?”

ದರ್ಜಿ ಬಾಯಿ ತೆರೆದ. ಪೆಟ್ಟಿಗೆಯ ಮೇಲಿನ ಬಟ್ಟೆಯ ಅಂಚನ್ನು ಬೆರಳಲ್ಲಿ ಮಡಿಸಿದ, ಬಿಚ್ಚಿದ.

“ನಾನು ಮಿಷನ್ ತುಳೀತಾ ಹೂಂ ಹೂಂ ಅಂತಿದ್ದೆ ಸ್ವಾಮಿ. ಅವಳ ದನಿ ಇರುತ್ತಿತ್ತು. ಅದು ಇದ್ದರೆ ಹೊಲಿಗೆ ಸಾಗುತ್ತಿತ್ತು. ಮಾತು ಏನು ಅಂತ... ಹಿಡಿದಿಟ್ಟುಕೊಳ್ಳಲಿಲ್ಲ.”

“ಹಾಗಾದರೆ ಅವರನ್ನೇ ಕೇಳಿ.”

“ನಿನ್ನೆ ಕೇಳಿದೆ. ‘ಅದೆಲ್ಲಾ ಸುಳ್ಳು, ಬಿಡ್ರೀ’ ಅಂದಳು.”

ದರ್ಜಿ ಪೆಟ್ಟಿಗೆಯನ್ನು ಬಟ್ಟೆಯಲ್ಲಿ ಸುತ್ತಿಕೊಂಡು ಮನೆಗೆ ಹೋದ.

ಗುರುಗಳು ಅಲ್ಲಿಗೆ ನಿಲ್ಲಿಸಿದರು. ಮೇಲೆ ಫ್ಯಾನು ತಿರುಗುತ್ತಿತ್ತು. ಹಾಲೇಶ ಮುಂದಿನ ಮಾತಿಗೆ ಕಾದ.

“ಮುಗಿಯಿತಾ?”

“ಮುಗಿಯಿತು.”

“ಇದೆಂಥ ಕತೆ ಗುರುಗಳೇ!” ಹಾಲೇಶನ ಸುಸ್ತು ಹಾರಿಹೋಗಿ ಸಿಟ್ಟು ಬಂದಿತ್ತು. “ಅವನ ತಪ್ಪೇನು? ಇದ್ದದ್ದನ್ನು ಇದ್ದ ಹಾಗೆ ಬರೆದ. ಒಂದು ಒತ್ತು ಕೂಡ ಆಚೀಚೆ ಆಗಲಿಲ್ಲ. ಅಂಥ ಕೆಲಸಗಾರನಿಗೆ ಆ ಗತಿಯಾ? ನಾನಾಗಿದ್ದರೆ...”

“ನೀನಾಗಿದ್ದರೆ?”

“ನಾನಾಗಿದ್ದರೆ ಮೊದಲೇ ಎರಡನ್ನೂ ಒಳಗೆ ಇಡುತ್ತಿದ್ದೆ. ಈ ಗುಂಡಿ ಒತ್ತಿದರೆ ಕನ್ನಡ, ಆ ಗುಂಡಿ ಒತ್ತಿದರೆ ಹಳೆಯದು. ಬೇಕಾದವರು ಬೇಕಾದ್ದು ನೋಡಲಿ. ಅಷ್ಟು ದೊಡ್ಡ ಮೆಕ್ಯಾನಿಕ್‌ಗೆ ಹೊಳೆಯದ್ದು ನನಗೆ ಕುಳಿತಲ್ಲೇ ಹೊಳೆಯಿತು ನೋಡಿ.”

ಗುರುಗಳು ಕನ್ನಡಕ ಹಾಕಿಕೊಂಡರು.

“ಹೊಳೆದದ್ದು ಸರಿ; ಆ ಹೆಂಗಸು ದಿನವೂ ಏನು ಹೇಳುತ್ತಿದ್ದಳು ಎಂದು ಮಾತ್ರ ನೀನೂ ಕೇಳಲಿಲ್ಲ.”