ಚಪ್ಪಾಳೆ ಮಡು

ಕೆಸರುಕೊಪ್ಪಲು ದಾಟಿದ ಮೇಲೆ ಕಾವೇರಿ ಎರಡು ಬಂಡೆ ನಡುವೆ ನುಸುಳಿ, ಕಪ್ಪಗೆ ಗಪ್‌ಚುಪ್ಪಾಗಿ ನಿಲ್ಲೋ ಜಾಗಕ್ಕೆ ಚಪ್ಪಾಳೆ ಮಡು ಅಂತ ಹೆಸರು. ಶಿವ ಕುಣಿದಾಗ ಪಾರ್ವತಿ ಇಲ್ಲೇ ಕೂತು ಚಪ್ಪಾಳೆ ತಟ್ಟಿದಳು ಅಂತ ಯಾರೋ ಪುಣ್ಯಾತ್ಮರು ಬಂಡೆ ಮೇಲೆ ಬರೆಸಿದ್ದಾರೆ. ಪಾರ್ವತಿನ ಬಿಟ್ಟುಬಿಡಿ, ಪಾಪ. ತಟ್ಟಿದ್ದು ಊರೋರೇ.

ಹಿಂದೆ ಒಮ್ಮೆ, ಸಿನಿಮಾಕ್ಕೆ ಇನ್ನೂ ಮಾತು ಬರದಿದ್ದ ಕಾಲದಲ್ಲಿ, ಪಟ್ಟಣದ ಕಂಪನಿಯೊಂದು ಕ್ಯಾಮೆರಾ ಹೊತ್ತು ಇಲ್ಲಿಗೆ ಬಂತು ಅನ್ನುತ್ತಾರೆ. ಅದರಲ್ಲಿ ಪುಟ್ಟರಂಗ ಅನ್ನೋ ನಟ. ಅವನ ಹೆಸರು ಈಗ ಯಾರಿಗೂ ಗೊತ್ತಿಲ್ಲ, ಆಗಲೂ ಅಷ್ಟಕ್ಕಷ್ಟೇ. ಯಾವ ಕಥೆಯಾದ್ರೂ ಅರ್ಧಕ್ಕೇ ಸಾಯೋದು ಅವನ ಪಾಲಿನ ಕೆಲಸ. ಈ ಸಲ ನೀರಲ್ಲಿ ಮುಳುಗಿ ಸಾಯಬೇಕಿತ್ತು, ಈಜು ಮಾತ್ರ ಬರ್ತಿರಲಿಲ್ಲ. ಅದಕ್ಕೇ ಊರಿನ ಹರಿಗೋಲಿನ ಕಾಳಬೋರನನ್ನ ಬಂಡೆ ಮರೆಗೆ ನಿಲ್ಲಿಸಿದ್ರು. ಕಂಪನಿ ಯಜಮಾನರು ಕೆಂಪು ವಸ್ತ್ರ ಬೀಸೋವರೆಗೂ ಹರಿಗೋಲು ಈಚೆ ಬರಕೂಡದು. ಬಂದ್ರೆ ಚಿತ್ರ ಕೆಟ್ಟಿತು. "ಕೈ ಬಿಡಬೇಡ ಬೋರಣ್ಣ, ನನ್ನ ಹೆಂಡ್ತಿ ಬಾಯಿ ಸಿನಿಮಾದ ಹಾಗಲ್ಲ" ಅಂದ ಪುಟ್ಟರಂಗ. "ನೀವು ಸಾಯ್ರಿ ಬುದ್ಧಿ, ನಾನಿವ್ನಿ" ಅಂದ ಕಾಳಬೋರ.

ಮೊದಲು ತಾಲೀಮು. ಪುಟ್ಟರಂಗ ಎದೆಮಟ್ಟದ ನೀರಲ್ಲೇ ಕಣ್ಣು ಮೇಲೆ ಮಾಡಿ, ಬಾಯಿ ಕಳೆದು, ಕೈ ಬಡಿದು ಎಷ್ಟು ಚೆಂದಾಗಿ ಸತ್ತ ಅಂದ್ರೆ, ದಡದಲ್ಲಿ ಹೆಂಗಸರು ಅತ್ತೇಬಿಟ್ರು. ಕಾಳಬೋರ ಗಾಬರಿಬಿದ್ದು ಹರಿಗೋಲು ನುಗ್ಗಿಸಿದ. ಸತ್ತೋನು ಎದ್ದು ನಿಂತು ಕೈ ಮುಗಿದು ನಕ್ಕ. "ಲೇ ಗುಗ್ಗು, ನಟನೆ ಯಾವುದು ನಿಜ ಯಾವುದು ಗೊತ್ತಾಗಲ್ವೇನೋ?" ಅಂದ್ರು ಯಜಮಾನರು. ಊರಿಗೆ ಊರೇ ಬಿದ್ದು ಬಿದ್ದು ನಕ್ಕಿತು. ಕಾಳಬೋರನ ಕಿವಿ ಕಾದುಹೋಯ್ತು.

ಆಮೇಲೆ ಕ್ಯಾಮೆರಾ ತಿರುಗಿತು. ಪುಟ್ಟರಂಗ ಒಂಚೂರು ಜಾಸ್ತಿ ಹಿಂದಕ್ಕೆ, ಕಾಲಿಗೆ ನೆಲ ಸಿಗದ ಕಡೆಗೆ ಸರಿದ. ಅದೇ ಕಣ್ಣು, ಅದೇ ಬಾಯಿ, ಅದೇ ಕೈ. "ಬೋರಣ್ಣಾ!" ಅಂತ ಕೂಗಿದ. ಮಾತಿಲ್ಲದ ಸಿನಿಮಾಕ್ಕೆ ಕೂಗು ಯಾಕೆ ಅಂತ ಕಾಳಬೋರನಿಗೆ ಹೊಳೀಲಿಲ್ಲ ಅಂತಲ್ಲ. ಹೊಳೀತು. ಆದ್ರೂ ಹುಟ್ಟು ಕೈಯಲ್ಲಿ ಹಿಡಿದು ಕೆಂಪು ವಸ್ತ್ರದ ಕಡೆಗೇ ನೋಡ್ತಾ ನಿಂತ. ಯಜಮಾನರು ನಟನೆಗೆ ಮರುಳಾಗಿ ವಸ್ತ್ರವನ್ನೇ ಮರೆತಿದ್ರು. ದಡದೋರು ಚಪ್ಪಾಳೆ ಹೊಡೆದ್ರು. ಆ ಸದ್ದಲ್ಲಿ ಇನ್ನೊಂದು ಕೂಗು ಇತ್ತೋ ಇಲ್ಲವೋ, ಯಾರಿಗೂ ಕೇಳಿಸಲಿಲ್ಲ. ವಸ್ತ್ರ ಬೀಸೋ ಹೊತ್ತಿಗೆ ನೀರು ಮಟ್ಟಸವಾಗಿತ್ತು.

ಕಾಳಬೋರನನ್ನ ಯಾರೂ ಬೈಯಲಿಲ್ಲ ಅನ್ನುತ್ತಾರೆ. ಹೇಳಿದ ಮಾತು ಕೇಳಿದ್ದ, ಅಷ್ಟೇ ತಾನೇ? ಒಬ್ಬರಾದ್ರೂ ಬೈದಿದ್ರೆ ಅವನಿಗೆ ಒಂದಿನ ನಿದ್ದೆ ಬರ್ತಿತ್ತೇನೋ.

ಅವನ ಮನೆತನದೋರೇ ಈಗಲೂ ಅಲ್ಲಿ ಹರಿಗೋಲು ಹಾಕ್ತಾರೆ. ಹೋದೋರು ನೋಡಬಹುದು: ಯಾರಾದ್ರೂ ಮಡುವಲ್ಲಿ ತಲೆ ಮುಳುಗಿಸಿದ್ರೆ ಸಾಕು, ಸುರ್ರಂತ ಬಂದು ಜುಟ್ಟು ಹಿಡಿದು ಎಳೀತಾರೆ. "ಈಜು ಬರುತ್ತೆ ಕಣ್ರೀ! ತಲೆ ನೆಟ್ಟಗಿದೆಯಾ ನಿಮಗೆ?" ಅಂತ ಬಂದೋರು ಕಿರುಚ್ತಾರೆ.

"ದಡಕ್ಕೆ ಬಂದು ಬೈಯ್ರಿ ಬುದ್ಧಿ. ಈಗ ಹತ್ಕಳಿ."