ಒಂದು ಲೋಟ ನೀರು ಕುಡಿದು ಮಸ್ಕತ್ತಿಗೆ

ದೊಡ್ಡಬಳ್ಳಾಪುರದ ನಮ್ಮ ಬೀದಿಯಲ್ಲಿ ಮಗ್ಗದ ಸದ್ದು ನಿಂತರೆ ವಿಮಾನದ ಸದ್ದು. ವಿಮಾನದ ಸದ್ದು ನಿಂತರೆ ಚೌಡಮ್ಮ ಮಗನನ್ನು ಬೈಯುವ ಸದ್ದು. ಮೂರೂ ಇಲ್ಲದ ಹೊತ್ತು ಒಮ್ಮೆ ಮಾತ್ರ ಬಂದಿತ್ತು. ಅದು ಹೇಗೆ ಬಂತು ಎಂಬುದೇ ಈ ಕತೆ.

ಚೌಡಮ್ಮನಿಗೆ ಗಂಡನಿಲ್ಲ. ಮಗಳು ಯಶೋದೆ ಮದುವೆಯಾಗಿ ಮಸ್ಕತ್ತಿನಲ್ಲಿದ್ದಾಳೆ. ಅಳಿಯನಿಗೆ ಅಲ್ಲಿ ಹೊಲಿಗೆ ಅಂಗಡಿ. ಮನೆಯಲ್ಲಿ ಉಳಿದವನು ಮಗ ಸೊಣ್ಣಪ್ಪ. ಮಗ್ಗಕ್ಕೆ ನೂಲಿನ ಕಂಡಿಕೆ ಸುತ್ತು ಎಂದರೆ ಸುತ್ತುತ್ತಾನೆ. ಸಾಕು ಎನ್ನಲು ಮರೆತರೆ ನೂಲು ಮುಗಿಯುವ ತನಕ ಸುತ್ತುತ್ತಾನೆ. ಹೇಳಿದ್ದನ್ನು ಮಾಡುತ್ತಾನೆ, ಹೇಳಿದ್ದನ್ನೇ ಮಾಡುತ್ತಾನೆ. ತೊಂದರೆಯೆಲ್ಲ ಆ ಎರಡನೆಯದರಲ್ಲಿ.

ಅವನನ್ನು ಇಲ್ಲಿಗೆ ಕಳಿಸಿಬಿಡು, ಗುಂಡಿ ಹಾಕುವುದನ್ನು ಕಲಿತರೂ ಸಾಕು, ನನ್ನ ಕಣ್ಣೆದುರಿಗೆ ಇರುತ್ತಾನೆ ಎಂದು ಯಶೋದೆ ಫೋನು ಮಾಡಿದಳು. ಚೌಡಮ್ಮ ಕೂಡಲೇ ಒಪ್ಪಿದಳು. ಕಾರಣ ಅವಳು ಯಾರಿಗೂ ಹೇಳಿರಲಿಲ್ಲ.

ಮೊದಲು ಪಾಸ್‌ಪೋರ್ಟ್ ಆಗಬೇಕು. ಆಫೀಸಿನ ಬಾಗಿಲಲ್ಲಿ ಮಗನ ಗಂಟುಮುಖ ನೋಡಿ, ದೊಡ್ಡವರ ಮುಂದೆ ಹೀಗಿರಬಾರದು, ನಗುನಗುತ್ತ ಇರು ಎಂದು ಹೇಳಿ ಒಳಗೆ ಕಳಿಸಿದಳು.

ಸೊಣ್ಣಪ್ಪ ಕ್ಯಾಮೆರಾ ಮುಂದೆ ಕೂತ, ಹಲ್ಲು ಬಿಟ್ಟ. ಬಾಯಿ ಮುಚ್ಚಿ ಎಂದಳು ಅಲ್ಲಿನ ಹುಡುಗಿ. ಇನ್ನಷ್ಟು ಹಲ್ಲು ಬಿಟ್ಟ. ಅವಳ ಮೇಲಿನವರು ಬಂದು ಗದರಿದರು. ಅವರಿಗೂ ನಕ್ಕ. ಅವರ ಮೇಲಿನವರು ಬಂದರು. ಅವರು ದೊಡ್ಡವರಾದ್ದರಿಂದ ಅವರಿಗೆ ಸದ್ದು ಮಾಡಿ ನಕ್ಕ. ಚೌಡಮ್ಮನನ್ನು ಒಳಗೆ ಕರೆಸಿ, ಇವನಿಗೆ ನಗು ನಿಂತ ಮೇಲೆ ಇನ್ನೊಂದು ದಿನ ಕರೆದುಕೊಂಡು ಬನ್ನಿ ಎಂದರು. ಸಾಲಿನಲ್ಲಿ ಕೂತವರೆಲ್ಲ ತಿರುಗಿ ನೋಡಿದರು. ಅವಳು ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಮೆಟ್ಟಿಲಿಳಿದಳು.

"ನನ್ನ ಮಾನ ಕಳೆದೆಯಲ್ಲೋ," ಎಂದಳು ಬಸ್ಸಿನಲ್ಲಿ. "ಸರ್ಕಾರದವರ ಮುಂದೆ ಬಾಯಿ ಮುಚ್ಚಿಕೊಂಡು ನೆಟ್ಟಗೆ ಕೂರಬೇಕು. ಕಣ್ಣು ಮಿಟುಕಿಸಬಾರದು. ತಿಳೀತಾ?"

"ಆಯ್ತಮ್ಮ."

ಮುಂದಿನ ಸಲ ಫೋಟೊ ಚೆನ್ನಾಗಿ ಬಂತು. ಚೌಡಮ್ಮ ದೇವರಿಗೆ ತುಪ್ಪದ ದೀಪ ಹಚ್ಚಿದಳು.

ದೀಪ ಆರುವ ಮೊದಲೇ ಪಾಸ್‌ಪೋರ್ಟಿನ ವಿಚಾರಣೆಗೆಂದು ಪೊಲೀಸಿನವರು ಮನೆಗೆ ಬಂದರು. ಚೌಡಮ್ಮ ನೂಲು ತರಲು ಹೋಗಿದ್ದಳು. ಪೊಲೀಸಿನವರು ಹೆಸರೇನು ಎಂದು ಕೇಳಿದರು. ಸೊಣ್ಣಪ್ಪ ಬಾಯಿ ಮುಚ್ಚಿದ, ನೆಟ್ಟಗೆ ಕೂತ, ನೋಡಿದ. ಈ ಮನೆಯಲ್ಲಿ ಎಷ್ಟು ದಿನದಿಂದ ಇದ್ದೀಯ ಎಂದರು. ನೋಡಿದ. ಯಾವುದಾದರೂ ಕೇಸಿನಲ್ಲಿ ಸಿಕ್ಕಿಹಾಕಿಕೊಂಡಿದ್ದೀಯಾ ಎಂದರು. ಮಿಟುಕಿಸದ ಕಣ್ಣಿನಿಂದ ನೀರು ಧಾರೆಯಾಗಿ ಇಳಿಯಿತು.

ಏನೋ ಮಾಡಿದ್ದಾನೆ, ಪಶ್ಚಾತ್ತಾಪ ಪಡುತ್ತಿದ್ದಾನೆ ಎಂದುಕೊಂಡರು ಪೊಲೀಸಿನವರು. ಎದುರುಮನೆ ಅಕ್ಕಯ್ಯಮ್ಮ ಜಗಲಿಯಿಂದಲೇ, ಅವನು ಹುಟ್ಟಿದಾಗಿನಿಂದ ಹಾಗೇ ಕಣಪ್ಪ ಎಂದು ಸಾಕ್ಷಿ ಹೇಳಿದಳು. ಆದರೂ ಚೌಡಮ್ಮ ಸ್ಟೇಷನ್ನಿಗೆ ಹೋಗಬೇಕಾಯಿತು. ಆ ಮನೆತನದಲ್ಲಿ ಯಾರೂ ಸ್ಟೇಷನ್ನಿನ ಬಾಗಿಲು ಕಂಡವರಲ್ಲ. ತಲೆ ತುಂಬ ಸೆರಗು ಹೊದ್ದು, ಗೋಡೆಗೆ ಅಂಟಿಕೊಂಡು ನಿಂತು, ನನ್ನ ಮಗ ಕಳ್ಳನಲ್ಲ ಸ್ವಾಮಿ, ಪೆದ್ದ ಎಂದು ತಾನೇ ಹೇಳಿ ಬಂದಳು.

"ಹೆತ್ತವಳ ಬಾಯಿಂದ ಆ ಮಾತು ಆಡಿಸಿದೆಯಲ್ಲೋ," ಎಂದಳು. "ಕೇಳಿದವರಿಗೆ ಉತ್ತರ ಕೊಡಬೇಕು. ಮನೆ ವಿಷಯ ಎಲ್ಲ ಬಿಡಿಸಿ ಹೇಳಬೇಕು. ಒಂದೂ ಮುಚ್ಚಿಡಬಾರದು."

"ಆಯ್ತಮ್ಮ."

ಪಾಸ್‌ಪೋರ್ಟ್ ಬಂತು. ಆಮೇಲೆ ವೈದ್ಯಕೀಯ ಪರೀಕ್ಷೆ. ಕೊಲ್ಲಿಗೆ ಹೋಗುವವರೆಲ್ಲ ಮಾಡಿಸಬೇಕು. ಡಾಕ್ಟರು ಒಳಗೆ ಪರದೆಯ ಹಿಂದೆ. ಚೌಡಮ್ಮ ಹೊರಗೆ, ಬೆಂಚಿನ ಮೇಲೆ, ಹತ್ತಾರು ಜನರ ನಡುವೆ. ಏನಾದರೂ ಕಾಯಿಲೆ ಇದೆಯಾ ಎಂದು ಡಾಕ್ಟರು ಕೇಳಿದ್ದು ಬೆಂಚಿಗೆ ಕೇಳಿಸಿತು. ಸೊಣ್ಣಪ್ಪನ ಉತ್ತರ ಬೀದಿಗೆ ಕೇಳಿಸಿತು.

ಅಪ್ಪ ಕೆಮ್ಮಿ ಕೆಮ್ಮಿ ರಕ್ತ ಕಾರಿ ಹೋದ ಎಂದ. ಅಜ್ಜಿಗೆ ಕೊನೆಗಾಲದಲ್ಲಿ ಬುದ್ಧಿ ನೆಟ್ಟಗಿರಲಿಲ್ಲ ಎಂದ. ಅಕ್ಕಯ್ಯಮ್ಮನಿಗೆ ಕಜ್ಜಿ, ಆದರೆ ಅವಳು ನಮ್ಮ ಮನೆಯವಳಲ್ಲ ಎಂದ. ಅಮ್ಮ ರಾತ್ರಿ ಹಲ್ಲುಸೆಟ್ಟು ತೆಗೆದು ಲೋಟದಲ್ಲಿಡುತ್ತಾಳೆ ಎಂದ. ಬೆಂಚಿನವರು ನಕ್ಕರು. ಚೌಡಮ್ಮ ತುಟಿ ಬಿಗಿಹಿಡಿದಳು.

"ಅಮ್ಮಂಗೆ ನಿದ್ದೇನೂ ಬರಲ್ಲ ಡಾಕ್ಟ್ರೇ," ಎಂದ ಸೊಣ್ಣಪ್ಪ. "ನಾನು ನಿದ್ದೆ ಮಾಡ್ತಿದೀನಿ ಅಂದ್ಕೊಂಡು ಅಳ್ತಾಳೆ. ನಾನು ಸತ್ತ ಮೇಲೆ ಇವನಿಗೆ ಅನ್ನ ಹಾಕೋರು ಯಾರು ಅಂತಾಳೆ."

ಬೆಂಚಿನಲ್ಲಿ ಆಮೇಲೆ ಯಾರೂ ನಗಲಿಲ್ಲ. ಪಕ್ಕದಲ್ಲಿದ್ದವನೊಬ್ಬ ಸರಿದು ಚೌಡಮ್ಮನಿಗೆ ಜಾಗ ಬಿಟ್ಟ. ಅವಳಿಗೆ ನಕ್ಕಿದ್ದರೇ ಚೆನ್ನಾಗಿತ್ತು ಅನ್ನಿಸಿತು.

ಮತ್ತೆ ನಿನಗೇನು ಕಾಯಿಲೆ ಎಂದು ಡಾಕ್ಟರು ಮೆಲ್ಲಗೆ ಕೇಳಿದರು. ನನಗೇನಿಲ್ಲ, ನನ್ನದನ್ನು ನೀವು ಕೇಳಲೇ ಇಲ್ಲವಲ್ಲ ಎಂದ. ಅಪ್ಪನ ಕೆಮ್ಮಿನಿಂದಾಗಿ ಮಗನ ಎದೆಗೆ ಮತ್ತೊಂದು ಎಕ್ಸ್‌ರೇ ಆಯಿತು. ಎಲ್ಲ ಸರಿಯಿದೆ ಎಂದು ಬರುವಷ್ಟರಲ್ಲಿ ವಾರಗಳು ಸರಿದುಹೋದವು.

ಅವತ್ತು ಚೌಡಮ್ಮ ಬೈಯಲಿಲ್ಲ. ಮನೆಗೆ ಬಂದು, ಗೋಡೆ ಕಡೆ ತಿರುಗಿ ಕೂತು, ಇನ್ನು ಮೇಲೆ ನಾನು ಹೇಳಿದಷ್ಟನ್ನೇ ಮಾಡು, ಅದಕ್ಕೊಂದು ಕೂಡಿಸಬೇಡ, ಕಳೆಯಬೇಡ ಎಂದಳು. ಆಯ್ತಮ್ಮ ಎಂದ. ಹಾಗೆ ನೋಡಿದರೆ ಅವನು ಅಲ್ಲಿಯವರೆಗೂ ಅದನ್ನೇ ಮಾಡಿದ್ದ.

ವೀಸಾ ಬಂತು. ಇಂಥ ದಿನದೊಳಗೆ ಮಸ್ಕತ್ತಿನಲ್ಲಿ ಕಾಲಿಡಬೇಕು, ಇಲ್ಲದಿದ್ದರೆ ರದ್ದು. ಅಂಗಡಿಗೆ ಸಿಕ್ಕಿದ್ದು ಇದೊಂದೇ, ಇನ್ನೊಂದು ಸಿಗುವುದಿಲ್ಲ ಎಂದು ಅಳಿಯ ಬಿಡಿಸಿ ಹೇಳಿದ. ಚೌಡಮ್ಮ ಪಂಚಾಂಗ ತೆಗೆದಳು. ಅಮಾವಾಸ್ಯೆ ಬೇಡ, ಮಂಗಳವಾರ ಬೇಡ, ಅಷ್ಟಮಿ ಬೇಡ, ನವಮಿ ಬೇಡ. ಕಳೆದು ಕಳೆದು ಉಳಿದದ್ದು ಕೊನೆಯ ದಿನ.

ಕೊನೆಯ ದಿನ ಮಧ್ಯಾಹ್ನ, ಹಣೆಗೆ ಕುಂಕುಮ, ಕೈಯಲ್ಲಿ ಸೂಟ್‌ಕೇಸು, ಬಲಗಾಲು ಹೊಸಿಲಾಚೆ. ಎದುರು ಜಗಲಿಯಿಂದ ಅಕ್ಕಯ್ಯಮ್ಮ ಕೇಳಿಯೇಬಿಟ್ಟಳು, "ಎಲ್ಲಿಗೋ ಸೊಣ್ಣಪ್ಪ?"

ಚೌಡಮ್ಮ ಮಗನ ರಟ್ಟೆ ಹಿಡಿದು ಒಳಗೆಳೆದಳು. ಕೂರಿಸಿದಳು. ಒಂದು ಲೋಟ ನೀರು ಕುಡಿಸಿದಳು.

"ಹೊರಟವರನ್ನ ಎಲ್ಲಿಗೆ ಅಂತ ಕೇಳಿದರೆ ಹೋದ ಕೆಲಸ ಆಗಲ್ಲ," ಎಂದಳು. "ಯಾರೇ ಕೇಳಲಿ, ಮನೆಗೆ ವಾಪಸ್ ಬಂದು, ಕೂತು, ನೀರು ಕುಡಿದೇ ಹೊರಡಬೇಕು. ನೆನಪಿಟ್ಕೋ."

"ಯಾರೇ ಕೇಳಲಿ," ಎಂದ ಸೊಣ್ಣಪ್ಪ. "ಆಯ್ತಮ್ಮ."

ವಿಮಾನ ನಿಲ್ದಾಣದ ಬಾಗಿಲ ತನಕ ಅವಳೂ ಹೋದಳು. ಅಲ್ಲಿಂದಾಚೆ ಅವಳನ್ನು ಬಿಡಲಿಲ್ಲ. ಮಗ ಗಾಜಿನಾಚೆ ಸಾಲಿನಲ್ಲಿ ನಿಂತದ್ದನ್ನು ನೋಡಿದಳು. ನಗುತ್ತಿರಲಿಲ್ಲ, ಯಾರನ್ನೂ ದಿಟ್ಟಿಸುತ್ತಿರಲಿಲ್ಲ, ಯಾರಿಗೂ ಏನೂ ಹೇಳುತ್ತಿರಲಿಲ್ಲ. ಎಲ್ಲರಂತೆ ನಿಂತಿದ್ದ. ಚೌಡಮ್ಮ ಕಣ್ಣೊರೆಸಿಕೊಂಡು ಬಸ್ಸು ಹತ್ತಿದಳು.

ಒಳಗೆ ಅವನ ಸರದಿ ಬಂತು. ಕೌಂಟರಿನ ಹುಡುಗಿ ಟಿಕೆಟ್ಟಿಗೆ ಕೈ ಚಾಚಿ, ನಗುಮುಖದಿಂದ ಕೇಳಿದಳು, "ಎಲ್ಲಿಗೆ ಸರ್?"

ಸೊಣ್ಣಪ್ಪ ಸೂಟ್‌ಕೇಸು ಎತ್ತಿಕೊಂಡು ತಿರುಗಿ ನಡೆದ.

ಬಾಗಿಲ ಕಾವಲಿನವರು ತಡೆದರಂತೆ. ನೀರು ಕುಡಿದು ಬರುತ್ತೇನೆ ಎಂದನಂತೆ. ಅಲ್ಲೇ ನಲ್ಲಿಯಿದೆ ಎಂದು ತೋರಿಸಿದರಂತೆ. ಮನೆಯ ನೀರೇ ಆಗಬೇಕು ಎಂದನಂತೆ. ಬಸ್ಸಿನಲ್ಲಿ ಕಂಡಕ್ಟರ್ ಕೂಡ ಎಲ್ಲಿಗೆ ಎಂದು ಕೇಳಿದ. ನೀವು ಕೇಳಿದರೆ ಅಡ್ಡಿಯಿಲ್ಲ, ಹೇಗೂ ಮನೆಗೇ ಹೊರಟಿದ್ದೇನೆ ಎಂದು ಸಮಾಧಾನ ಹೇಳಿದ.

ಚೌಡಮ್ಮ ಅಂಗಳದಲ್ಲಿ ನಿಂತು, ತಲೆಯ ಮೇಲೆ ಹೋದ ವಿಮಾನಕ್ಕೆಲ್ಲ ಕೈ ಮುಗಿಯುತ್ತಿದ್ದಳು. ಯಾವುದರಲ್ಲಿ ಮಗನೋ ಗೊತ್ತಿಲ್ಲ, ಒಂದನ್ನೂ ಬಿಡಲಿಲ್ಲ. ಕೈ ಇಳಿಸಿ ನೋಡುತ್ತಾಳೆ, ಎದುರಿಗೆ ಸೊಣ್ಣಪ್ಪ. ಒಳಗೆ ಹೋದ. ಕೂತ.

"ಅಲ್ಲೂ ಕೇಳಿಬಿಟ್ಟರಮ್ಮ," ಎಂದ. "ನೀರು ಕೊಡು. ಬೇಗ ಹೋಗ್ಬೇಕು."

ಚೌಡಮ್ಮ ಬೈಯಲು ಬಾಯಿ ತೆರೆದಳು. ಬೈಗುಳ ಬರಲಿಲ್ಲ. ಅವನು ಮಾಡಿದ್ದರಲ್ಲಿ ಅವಳು ಹೇಳದೇ ಇದ್ದದ್ದು ಒಂದೂ ಇರಲಿಲ್ಲ. ದಿನ ಆರಿಸಿದವಳು ಅವಳು, ಮಾತು ಹೇಳಿಕೊಟ್ಟವಳು ಅವಳು. ಸ್ಟೇಷನ್ನಿನಲ್ಲಿ ಪೆದ್ದ ಎಂದವಳೂ ಅವಳೇ. ಸೆರಗು ಎಳೆದು ಮುಖ ಮುಚ್ಚಿಕೊಂಡಳು. ಇಷ್ಟು ದಿನ ಊರಿನವರಿಗೆ ಮುಖ ತೋರಿಸಲಾಗದೆ ಮುಚ್ಚುತ್ತಿದ್ದಳು. ಈಗ ಮಗನಿಗೆ ತೋರಿಸಲಾಗಲಿಲ್ಲ.

ಫೋನು ಹೊಡೆದುಕೊಂಡಿತು. ಯಶೋದೆ. ಚೌಡಮ್ಮ ಎತ್ತಲಿಲ್ಲ. ನೀರು ತಂದುಕೊಟ್ಟಳು. ಅವನು ಕುಡಿದ. ಮನೆಯೇ ನಡುಗುವಂತೆ ದೊಡ್ಡ ವಿಮಾನವೊಂದು ಮೇಲೆ ಹಾದು ಪಡುವಣಕ್ಕೆ, ಮಸ್ಕತ್ತಿನ ದಿಕ್ಕಿಗೆ ತಿರುಗಿತು. ಅದರ ಸದ್ದೂ ಕರಗಿತು. ಬೀದಿಯ ಮಗ್ಗಗಳು ಆಗಲೇ ನಿಂತಿದ್ದವು. ಚೌಡಮ್ಮ ಸುಮ್ಮನಿದ್ದಳು.

ಸೊಣ್ಣಪ್ಪ ಎದ್ದ. ಲೋಟ ಬೋರಲು ಹಾಕಿದ. ಸೂಟ್‌ಕೇಸು ಎತ್ತಿಕೊಂಡು, ಬಲಗಾಲು ಹೊಸಿಲಾಚೆ ಇಟ್ಟ.

"ಎಲ್ಲಿಗೋ, ಮಗ?" ಎಂದಳು ಚೌಡಮ್ಮ.

ಸೊಣ್ಣಪ್ಪ ಕಾಲು ಹಿಂದಕ್ಕೆ ತೆಗೆದುಕೊಂಡ. ಸೂಟ್‌ಕೇಸು ಗೋಡೆಗೆ ಒರಗಿಸಿ, ಬಂದು, ತನ್ನ ಜಾಗದಲ್ಲಿ ಕೂತ.

"ನೀನೂ ಕೇಳಿಬಿಟ್ಟೆಯಲ್ಲಮ್ಮ," ಎಂದ. "ಇನ್ನೊಂದು ಲೋಟ ಕೊಡು."